ಅಕ್ರೋಟು ಬಡಿದ ದಿನ

ಗೂಜೆ ಹಳ್ಳಿ, ಮೇಲಿನ ಕೇರಿ
೨೬ ಸೆಪ್ಟೆಂಬರ್ ೨೦೦೪

ಮಗಳೇ ಸೊಸಿನ್,

ನಿನ್ನ ಎರಡೂ ಕಣ್ಣಿಗೆ ನನ್ನ ಮುತ್ತು.

ಹಳ್ಳದ ಆಚೆ ನಿನ್ನ ಮನೆಯ ಹೊಗೆ ಇಲ್ಲಿಗೆ ಕಾಣುತ್ತದೆ, ಆದರೂ ಕಾಗದ ಬರೆಯಬೇಕಾಗಿದೆ. ಊರು ಬಿಟ್ಟು ಅಮೆದ್ ಪಟ್ಟಣದಲ್ಲಿದ್ದಾಗ ಹೆಂಗಸರ ತರಗತಿಯಲ್ಲಿ ನಮ್ಮ ಕುರ್ದಿ ಅಕ್ಷರ ಕಲಿತದ್ದು ಸಾರ್ಥಕವಾಯಿತು. ಸುದ್ದಿಗೆ ಊರವರು ರೆಕ್ಕೆಪುಕ್ಕ ಕಟ್ಟಿರುತ್ತಾರೆ, ನಡೆದದ್ದನ್ನು ನನ್ನಿಂದ ಕೇಳು.

ನಿನ್ನೆ ಬೆಳಿಗ್ಗೆ ನಿನ್ನ ಅಪ್ಪ ಉದ್ದನೆಯ ಕೋಲು ಹಿಡಿದು ಅಕ್ರೋಟು ಬಡಿಯುತ್ತಿದ್ದರು. ಸುಟ್ಟ ಊರಿಗೆ ಮರಳಿದ ಮೇಲೆ ನಮ್ಮ ಮೊದಲ ಫಸಲು. ಅವರ ಮುಖದ ಗೆಲುವನ್ನು ನೀನು ನೋಡಬೇಕಿತ್ತು. ಅಷ್ಟರಲ್ಲಿ ನಿನ್ನ ಮಾವ ಹಸೋ ಬಂದ, ಹೆಗಲಲ್ಲಿ ಊರ ಕಾವಲಿಗೆಂದು ಸರ್ಕಾರ ಕೊಟ್ಟ ಬಂದೂಕು. ಹಿಂದೆಯೇ ನಿನ್ನ ಗಂಡ ಶೆಹ್ಮುಸ್ ಓಡಿಬಂದ.

“ಇಷ್ಟು ವರ್ಷ ಈ ಮರಕ್ಕೆ ನೀರು ಹಾಕ್ದೋನು ನಾನು ಮಿರ್ಜಾ. ಅರ್ಧ ನಂದು” ಎಂದ ಹಸೋ.

ನಿನ್ನ ಅಪ್ಪ ಬಿಡುತ್ತಾರೆಯೇ? “ಎದ್ರಿಂದ ಹಾಕ್ದೆ, ಬಂದೂಕಿನ ನಳಿಗೆಯಿಂದ್ಲಾ? ಆ ಬಂದೂಕು ಬೇಡ ಅಂದಿದ್ದಕ್ಕೆ ಸೈನ್ಯದೋರು ನಮ್ಮನೆ ಸುಟ್ರು. ನೀನು ಹಿಡ್ಕೊಂಡೆ, ನಿನ್ನ ಮನೆ ಉಳೀತು. ಈಗ ಮರಾನೂ ಬೇಕಾ?”

“ನಂಗೂ ಹೆಂಡ್ತಿ ಮಕ್ಕಳಿದ್ರು ಕಣೋ!” ಎಂದ. ಕೈ ಬಂದೂಕಿನ ಪಟ್ಟಿಗೆ ಹೋಯಿತು. ಅಪ್ಪನ ಕೋಲು ಮೇಲೆದ್ದಿತು.

ನಾನು ನಡುವೆ ನುಗ್ಗಿ, ಬಿಳಿ ತಲೆವಸ್ತ್ರ ಕಿತ್ತು ನೆಲಕ್ಕೆಸೆದೆ. ಹೆಂಗಸು ಎಸೆದ ವಸ್ತ್ರ ದಾಟಿ ಹೊಡೆದಾಡುವ ಗಂಡಸು ನಮ್ಮ ಕಣಿವೆಯಲ್ಲಿ ಇನ್ನೂ ಹುಟ್ಟಿಲ್ಲ. ಕೋಲೂ ಇಳಿಯಿತು, ಕೈಯೂ ಇಳಿಯಿತು. ಇನ್ನು ವಸ್ತ್ರ ಎಸೆದವಳು ಕೇಳಿದ್ದಕ್ಕೆ ಇಲ್ಲ ಎನ್ನುವಂತಿಲ್ಲವಲ್ಲ. ನಾನು ಮರವನ್ನೇ ಕೇಳುತ್ತೇನೆ ಎಂದುಕೊಂಡು ಹಸೋ ಮುಖ ಸಣ್ಣದು ಮಾಡಿಕೊಂಡ.

“ಮರ ಹಾಳಾಗ್ಲಿ” ಎಂದೆ. “ನಾಲ್ಕು ವರ್ಷದಿಂದ ಮಗಳ ಮುಖ ನೋಡಿಲ್ಲ ನಾನು. ಕಾವಲಿನೋರ ಮನೆ ಸೇರಿದ್ಲು ಅಂತ ಇವ್ರು ಬರಬೇಡ ಅಂತಾರೆ. ನೀನು ಕಳಿಸೋದಿಲ್ಲ. ನನ್ನ ಸೊಸಿನ್ ನನ್ನ ಮನೆಗೆ ಬರ್ಬೇಕು.”

ಶೆಹ್ಮುಸ್ ಬಗ್ಗಿ ವಸ್ತ್ರ ಎತ್ತಿ, ಧೂಳು ಕೊಡವಿ ನನ್ನ ಕೈಗಿಟ್ಟ. ಹುಡುಗ ಒಳ್ಳೆಯವನೇ. ಹಸೋ ಗಡ್ಡ ತುರಿಸಿಕೊಂಡು “ಅಷ್ಟೇನಾ ಬೀಗಿತ್ತಿ?” ಎಂದ. ನನ್ನನ್ನು ಹಾಗೆ ಕರೆದದ್ದು ಅದೇ ಮೊದಲು.

ನಿನ್ನ ಅಪ್ಪ ಮರದತ್ತ ತಿರುಗಿ, “ಬರೋದಾದ್ರೆ ದೊಡ್ಡ ಬುಟ್ಟಿ ತರ್ಲಿ, ಕಾಯಿ ಜಾಸ್ತಿ ಇದೆ” ಎಂದರು. ಆಮೇಲೆ ಕಾಯಿಯೇ ಇಲ್ಲದ ಕೊಂಬೆಯನ್ನು ಬಡಿಯತೊಡಗಿದರು. ಅಳುತ್ತಿದ್ದರು, ಮಗಳೇ.

ಶುಕ್ರವಾರ ಬಾ. ಬರುತ್ತೀಯೆಂದು ನನಗೆ ಗೊತ್ತು, ತಂದೂರಿಗೆ ಸೌದೆ ಒಡೆಸಿಟ್ಟಿದ್ದೇನೆ.

ನಿನ್ನ ಬುಟ್ಟಿ ತುಂಬಿಸಲು ಕಾದಿರುವ
ಅಮ್ಮ ಬೆಸೆ

ತಾ.ಕ.: ನಾವು ನಿನ್ನೆ ಅಕ್ರೋಟು ಬಡಿಯುವುದನ್ನು ಹಸೋಗೆ ಯಾವ ಚಾಡಿಕೋರ ಹೇಳಿದನೋ ಎಂದು ನಿನ್ನ ಅಪ್ಪ ಇನ್ನೂ ಗೊಣಗುತ್ತಿದ್ದಾರೆ. ಊರಿಗೆ ಬರುವ ವ್ಯಾನಿನ ಡ್ರೈವರ್ ಕೈಯಲ್ಲಿ ಹೇಳಿಕಳಿಸಿದವಳು ನಾನೇ. ವಸ್ತ್ರ ಎಸೆಯಬೇಕಾದರೆ ಮೊದಲು ಒಂದು ಜಗಳ ಬೇಕಲ್ಲ? ಓದಿದ ಮೇಲೆ ಈ ಕಾಗದವನ್ನು ಒಲೆಗೆ ಹಾಕು.