ಸೋದರತ್ತೆಗೆ ಮೊದಲ ವೀಳ್ಯ

ಅಂಬಾಸಮುದ್ರಂ
ಫೆಬ್ರವರಿ 9

ನನ್ನ ಮುದ್ದು ತೇನ್‌ಮೊಳಿ,

ಅತ್ತೆಯ ಆಶೀರ್ವಾದಗಳು. ನೀನು ಬಂದು ಹೋಗಿ ಮೂರು ವಾರವಾಯಿತು, ಈಗ ಬರೆಯುತ್ತಿದ್ದೇನೆ, ಬೈದುಕೋ. ಫೋನು ಮಾಡೋಣವೆಂದರೆ ನನ್ನ ಗಂಟಲು ಮನೆಗೆಲ್ಲ ಕೇಳುತ್ತದೆ, ನಿನಗೇ ಗೊತ್ತು.

ನಮ್ಮಲ್ಲಿ ಹುಡುಗಿಯನ್ನು ಹೊರಗೆ ಕೊಡುವ ಮುಂಚೆ ಸೋದರತ್ತೆಯ ಮನೆಗೆ ವೀಳ್ಯ ತಂದು ಕೇಳಬೇಕು. ನನ್ನ ಮಗ ಇಸಕ್ಕಿಗೇ ನಿನ್ನ ಮೇಲೆ ಮೊದಲ ಹಕ್ಕು. ನಿನ್ನಪ್ಪ ಬರುತ್ತಾನೆ, ಚೆನ್ನಾಗಿ ಜಾಡಿಸಬೇಕು ಎಂದು ಮಾತುಗಳನ್ನೆಲ್ಲ ಜೋಡಿಸಿಟ್ಟುಕೊಂಡಿದ್ದೆ. ಬಾಗಿಲು ತೆಗೆದರೆ ನೀನು! ಪಕ್ಕದಲ್ಲಿ ವೀಳ್ಯದ ತಟ್ಟೆ ಹಿಡಿದು ನಿಂತ, ನೀನು ಮೆಚ್ಚಿದ ಆ ಅನ್ಬರಸು. "ಅಪ್ಪನ್ನ ಯಾಕೆ ಕಳಿಸ್ಲಿ ಅತ್ತೆ? ಮದ್ವೆ ಆಗೋಳು ನಾನು. ಬೈಯೋದಿದ್ರೆ ನಂಗೇ ಬೈಯಿ" ಎಂದೆ ನೀನು. ನನ್ನ ಬೈಗುಳವೆಲ್ಲ ಎಲ್ಲಿ ಹೋಯಿತೋ!

ಆ ಹುಡುಗನನ್ನೇನು ನಾನು ಸುಮ್ಮನೆ ಬಿಟ್ಟೆನೇ? "ನಮ್ಮ ಹುಡುಗೀನ ಯಾವ ಬಸ್ ಸ್ಟ್ಯಾಂಡಲ್ಲಿ ಹಿಡಿದ್ಯಪ್ಪಾ?" ಎಂದೆ. "ರಕ್ತದಾನ ಶಿಬಿರದಲ್ಲಿ ಅತ್ತೆ. ನಾನು ತಲೆ ಸುತ್ತಿ ಬಿದ್ದೆ, ಇವಳೇ ಎತ್ತಿದ್ದು. ಇಷ್ಟ ಇದ್ಯಾ ಅಂತ ಆಮೇಲೆ ಕೇಳ್ದೆ. ಯೋಚ್ನೆ ಮಾಡ್ಬೇಕು ಅಂದ್ಲು. ಏಳು ತಿಂಗಳು ಕಾದೆ" ಎಂದ. ನಾನು ನಕ್ಕುಬಿಟ್ಟೆ. ನನ್ನನ್ನು ನೋಡಲು ಬಂದಾಗ ತಲೆ ಎತ್ತದೆ ಬಜ್ಜಿ ತಟ್ಟೆ ಇಟ್ಟು ಬಂದವಳು ನಾನು. ನಿನ್ನ ಮಾವನ ಕಾಲಿನ ಹೆಬ್ಬೆರಳು ಬಿಟ್ಟರೆ ಬೇರೇನೂ ಕಂಡಿರಲಿಲ್ಲ. ಇಷ್ಟವೇ ಎಂದು ಯಾರೂ ಕೇಳಲಿಲ್ಲ. ಹೊಟ್ಟೆಕಿಚ್ಚಾಯಿತು ಕಣೇ, ಸಂತೋಷವೂ ಆಯಿತು.

ಆಮೇಲೆ ಅಡುಗೆಮನೆಗೆ ಬಂದು ಮೆಲ್ಲಗೆ ಹೇಳಿದೆಯಲ್ಲ: "ಇಸಕ್ಕಿ ಒಂದು ದಿನಾನೂ ನನ್ ಮನಸ್ಸಲ್ಲಿ ಏನಿದೆ ಅಂತ ಕೇಳ್ಲಿಲ್ಲ ಅತ್ತೆ. ಇವ್ರು ಕೇಳಿದ್ರು." ನಾನು ಸಾಂಬಾರು ಕಲಕುತ್ತಾ ನಿಂತೆ. ವೀಳ್ಯವನ್ನು ಮಾತ್ರ ಮನಸಾರೆ ತೆಗೆದುಕೊಂಡೆ.

ಹೇಳದೆ ಕೇಳದೆ ತಾಳಿ ಕಟ್ಟಿಸಿಕೊಳ್ಳಬಹುದಿತ್ತು ನೀನು. ಎದುರು ಬಂದು ನಿಂತು ನನ್ನ ಮಾನ ಉಳಿಸಿದೆ. ಅದನ್ನು ನಾನು ಇರುವವರೆಗೂ ಮರೆಯುವುದಿಲ್ಲ. ಮದುವೆಗೆ ಹಿಂದಿನ ದಿನವೇ ಎಲ್ಲರೂ ಬರುತ್ತೇವೆ. ಇಬ್ಬರೂ ಹೀಗೇ ಒಬ್ಬರ ಮನಸ್ಸನ್ನೊಬ್ಬರು ಕೇಳಿಕೊಂಡು ನೂರು ಕಾಲ ಬಾಳಿ.

ನಿನ್ನ ಅತ್ತೆ,
ವಡಿವು

ಇನ್ನೊಂದು ಮಾತು: ಮೂರು ವರ್ಷದ ಹಿಂದೆ ಪೊಂಗಲ್‌ಗೆ ನೀನು ಬಂದಿದ್ದಾಗ ಇಸಕ್ಕಿ ಹೊಸ ಅಂಗಿ ತೊಟ್ಟು ನನ್ನ ಹತ್ತಿರ ಬಂದು, "ಅಮ್ಮಾ, ತೇನುನ ಇವತ್ತು ಕೇಳ್ಬಿಡ್ಲಾ?" ಎಂದ. ನಾನೇ ನಕ್ಕು ತಡೆದೆ: "ಹುಟ್ಟಿದಾಗ್ಲೇ ನಿನ್ನೋಳಾದೋಳನ್ನ ಏನೋ ಕೇಳೋದು? ಊರೆಲ್ಲ ನಗುತ್ತೆ." ಅವನು ಮತ್ತೆ ಆ ಮಾತೆತ್ತಲಿಲ್ಲ. ಅವನ ಮೇಲೆ ಬೇಸರ ಇಟ್ಟುಕೊಳ್ಳಬೇಡ, ಅಷ್ಟಕ್ಕೇ ಇದನ್ನು ಬರೆದೆ. ಅಂದು ಅವನು ಕೇಳಿದ್ದರೆ ಏನೆನ್ನುತ್ತಿದ್ದೆಯೋ, ಅದನ್ನು ಮಾತ್ರ ನನಗೆ ಯಾವತ್ತೂ ಹೇಳಬೇಡ.