ಕನ್ನಡಿಯೊಳಗಿನ ಬಲಗೈ

ಮಾರ್ಚ್ 3, ಬೆಳಿಗ್ಗೆ

ಕನ್ನಡಿ ವ್ಯಾಯಾಮದ ಹನ್ನೊಂದನೆಯ ದಿನ. ಮೇಜಿನ ನಡುವೆ ನಿಲ್ಲಿಸಿದ ಕನ್ನಡಿ. ಮೊಂಡು ಬಲಗೈ ಅದರ ಹಿಂದೆ, ಎಡಗೈ ಮುಂದೆ. ಕನ್ನಡಿಯಲ್ಲಿ ಎಡಗೈಯೇ ಬಲಗೈಯಂತೆ ಕಾಣುತ್ತದೆ. ಮುಚ್ಚು, ತೆರೆ, ಮುಚ್ಚು, ತೆರೆ — ಹದಿನೈದು ನಿಮಿಷ. ಮಿದುಳು ಮೋಸಹೋಗಬೇಕಂತೆ. ನನ್ನದು ಹೋಗಲೊಲ್ಲದು. ಡಿಸೆಂಬರಿನಲ್ಲಿ ದೋಣಿಯಲ್ಲಿ ಬಲೆಯ ಹಗ್ಗ ಸುತ್ತುವ ವಿಂಚ್‌ಗೆ ಸಿಕ್ಕಿ ಜಜ್ಜಿದ ಕೈ. ಆಸ್ಪತ್ರೆಯಲ್ಲಿ ತೆಗೆದೇಬಿಟ್ಟರು. ಅದು ಮಾತ್ರ ಇನ್ನೂ ಹಗ್ಗ ಹಿಡಿದೇ ಇದೆ, ಅಂಗೈಗೆ ಉಗುರು ನಾಟಿಸಿಕೊಂಡು. ಇಲ್ಲದ ಉಗುರು, ಇಲ್ಲದ ಅಂಗೈ. ನೋವು ಮಾತ್ರ ಇದೆ.

ಎಡಗೈ ಬರಹ. ಕಾಗೆ ಕಾಲು ಗುಬ್ಬಿ ಕಾಲು.

ಮಾರ್ಚ್ 5

ಹಾಗ್ಬಾರ್ಟ್ ದೋಣಿ ಹತ್ತಿದ. ಒಬ್ಬನೇ. ಗಂಡ ಹೆಂಡತಿ ಇಪ್ಪತ್ತಾರು ವರ್ಷ ಜೊತೆಗೇ ಹೋಗುತ್ತಿದ್ದೆವು. ಅಂದು ವಿಂಚ್ ನಿಲ್ಲಿಸಬೇಕಾಗಿದ್ದವನು ಅವನು... ಆ ಮಾತು ಇಬ್ಬರೂ ಎತ್ತುವುದಿಲ್ಲ. ಅವನು ನನ್ನ ಮುಖ ನೋಡಿ ಮಾತಾಡಿ ಮೂರು ತಿಂಗಳಾಯಿತು. ನನಗೆ ಸಿಟ್ಟಿಲ್ಲ. ಹೇಳಲೂ ಬರುವುದಿಲ್ಲ.

ಮಾರ್ಚ್ 9

ತಿರಿಲ್ ಬಂದಿದ್ದಳು, ವ್ಯಾಯಾಮ ಮಾಡಿಸುವ ಹುಡುಗಿ.

"ಗುನ್ವೋರ್, ಕನ್ನಡೀಲಿರೋ ಕೈ ನಿಮ್ದು ಅನ್ನಿಸ್ತಾ ಇಲ್ವಾ?"

"ಇಲ್ಲ ಕಣೇ. ಯಾರದೋ ಬೋಳು ಕೈ. ನನ್ನ ಬಲಗೈಲಿ ಮದುವೆ ಉಂಗುರ ಇತ್ತು."

"ಅಷ್ಟೇನಾ! ಎಡಗೈಗೆ ಹಾಕ್ಕೊಳ್ಳಿ. ಕನ್ನಡೀಲಿ ಬಲಗೈಗೆ ಬರುತ್ತೆ."

"ಬಿಡ್ತು ಅನ್ನು! ನಮ್ಮಲ್ಲಿ ಎಡಗೈಗೆ ಹಾಕೋದು ಗಂಡ ಸತ್ತೋರು. ನನ್ನ ಗಂಡ ಸಮುದ್ರದ ಮೇಲಿದಾನೆ!"

ಪೆಚ್ಚಾದಳು. ಓಸ್ಲೋ ಹುಡುಗಿ, ಮದುವೆಯಿಲ್ಲ, ಅವಳಿಗೇನು ಹೊಳೆಯಬೇಕು. ಪಾಪ, ತಟ್ಟೆಗೆ ಇನ್ನೊಂದು ವಾಫಲ್ ಹಾಕಿದೆ. ಆಸ್ಪತ್ರೆಯವರು ಕತ್ತರಿಸಿ ತೆಗೆದ ಉಂಗುರ ಲಕೋಟೆಯಲ್ಲೇ ಇದೆ.

ಮಾರ್ಚ್ 17

ನೋವು. ಪೆನ್ನು ಮುಟ್ಟಲಾಗಿರಲಿಲ್ಲ. ಹಾಗ್ಬಾರ್ಟ್ ನಿನ್ನೆ ದಡಕ್ಕೆ ಬಂದಿದ್ದ. ತಿರಿಲ್ ಅಂದದ್ದನ್ನು ಹಾಗ್ಬಾರ್ಟ್‌ಗೆ ಹೇಳಿಬಿಟ್ಟೆ. ಉಂಗುರದ ಲಕೋಟೆ ಜೇಬಿಗೆ ಹಾಕಿಕೊಂಡು ಮತ್ತೆ ದೋಣಿಗೆ ಹೊರಟ.

ಮಾರ್ಚ್ 21, ಮಧ್ಯಾಹ್ನ

ಬಂದ. ಉಂಗುರಕ್ಕೆ ಅಕ್ಕಸಾಲಿಗನಿಂದ ಬೆಸುಗೆ ಹಾಕಿಸಿದ್ದಾನೆ.

"ಎಡಗೈ ಕೊಡು."

"ಬೇಡ ಹಾಗ್ಬಾರ್ಟ್. ಅಪಶಕುನ."

"ಹದಿನೈದು ನಿಮಿಷ ತಾನೇ? ಅಲ್ಲೀತನಕ ಸತ್ತೆ ಅಂದ್ಕೋ. ಆಮೇಲೆ ಮೀನು ಹುರಿ, ವಾಸನೆಗೆ ಎದ್ದು ಬರ್ತೀನಿ."

ನಕ್ಕೆ. ಅವನು ನಗಲಿಲ್ಲ, ಕಣ್ಣು ತುಂಬಿತ್ತು. ತಾನೇ ತೊಡಿಸಿದ.

ಕನ್ನಡಿಯಲ್ಲಿ ಬಲಗೈ. ಉಂಗುರ. ನನ್ನ ಕೈ. ನನ್ನದೇ!

"ಹಗ್ಗ ಬಿಡು, ಗುನ್ವೋರ್," ಅಂದ, ಮುಖ ನೋಡಿ. "ವಿಂಚ್ ನಿಲ್ಲಿಸಿದೀನಿ."

ಇಲ್ಲದ ಕೈಯ ಹೆಬ್ಬೆರಳು ಸಡಿಲಿತು. ತೋರುಬೆರಳು. ಆಮೇಲೆ ಉಳಿದವೆಲ್ಲ. ಇಬ್ಬರೂ ಅತ್ತೆವು.

ಹದಿನೈದು ನಿಮಿಷ ಕಳೆದು ಎಷ್ಟೋ ಹೊತ್ತಾಯಿತು. ಉಂಗುರ ತೆಗೆಯುತ್ತೇನೆಂದರೆ ಇರಲಿ ಅನ್ನುತ್ತಾನೆ. ಇದನ್ನು ಬರೆಯಲೂ ಬಿಡುತ್ತಿಲ್ಲ, ಪೆನ್ನಿರುವ ಕೈಯನ್ನೇ ಹಿಡಿದು—