ಹಿಂದಿನ ಬೆರಳು

ಮಾರ್ಚ್ 3, ಸೋಮವಾರ. ಬೆಳಿಗ್ಗೆ 8.20

ಅಮ್ಮನ ಬೆರಳು ಇವತ್ತೂ ಫೇಲ್. ಒಂಬತ್ತನೆಯ ಸಲ. ಸವೆದ ಬೆರಳುಗಳ ಪರೀಕ್ಷೆಗೆಂದು ಬೆರಳಚ್ಚು ಓದುವ ರೀಡರನ್ನು ಮನೆಯ ಊಟದ ಮೇಜಿನ ಮೇಲೇ ಇಟ್ಟಿದ್ದೇನೆ.

“ಹೆತ್ತವಳನ್ನೇ ಗುರುತು ಹಿಡಿಯಲ್ಲ. ಎಂಥ ಡಬ್ಬ ಕಣೇ ನಿಂದು?”

“ಪಾತ್ರೆ ತಿಕ್ಕಿ ತಿಕ್ಕಿ ಗೆರೆ ಸವೆದಿದೆ ಅಮ್ಮ.”

“ಹಾಗಾದ್ರೆ ನಾಳೆಯಿಂದ ನೀನೇ ತಿಕ್ಕು.”

ಮಧ್ಯಾಹ್ನ 2.00

ಆಸ್ಪತ್ರೆಯೊಂದರಲ್ಲಿ ನೋವಿನ ಇಂಜೆಕ್ಷನ್ ಹನ್ನೆರಡು ಕಾಣೆ. ಔಷಧದ ಬೀರು ತೆರೆಯುವುದು ಬೆರಳಚ್ಚಿನಿಂದ. ರೀಡರನ್ನು ಅಲ್ಲಿನ ಕಂಪ್ಯೂಟರಿಗೆ ಜೋಡಿಸುವುದು ನಮ್ಮ ಕಂಪನಿಯ ಸಾಫ್ಟ್‌ವೇರ್ ಲೈಬ್ರರಿ — ನಾನೇ ಬರೆದ ಕೋಡ್. ಕಳೆದ ವಾರ ಬೆಳಿಗ್ಗೆ 11.40ಕ್ಕೆ ಬೀರು ತೆರೆದವರೆಂದು ದಾಖಲೆಯಲ್ಲಿರುವುದು ಹಿರಿಯ ಸಿಸ್ಟರ್ ಒಬ್ಬರ ಹೆಸರು. ಸಸ್ಪೆಂಡ್ ಆಗಿದ್ದಾರೆ. ಶುಕ್ರವಾರ ವಿಚಾರಣೆ. ‘ಲೈಬ್ರರಿಯಲ್ಲಿ ದೋಷವಿಲ್ಲ’ ಎಂಬ ಪತ್ರಕ್ಕೆ ನಾನು ಸಹಿ ಹಾಕಬೇಕೆಂದು ಬಾಸ್ ಹೇಳಿದರು. ದೋಷವಿಲ್ಲ ಎಂದೇ ನನ್ನ ನಂಬಿಕೆ. ಆದರೂ ಹಾಕಲಿಲ್ಲ... ನೋಡಿಬಂದು ಹಾಕೋಣ.

ಮಾರ್ಚ್ 4. ಸಂಜೆ

ಆಸ್ಪತ್ರೆಗೆ ಹೋಗಿದ್ದೆ. ಸಿಸ್ಟರ್ ಕೀಲಿ ಒಪ್ಪಿಸಲು ಬಂದಿದ್ದರು. ಇಪ್ಪತ್ತಾರು ವರ್ಷದ ಸರ್ವಿಸ್.

“ಹನ್ನೊಂದು ನಲವತ್ತಕ್ಕೆ ನಾನು ಮೇಲಿನ ವಾರ್ಡಲ್ಲಿ ಡ್ರೆಸ್ಸಿಂಗ್ ಮಾಡ್ತಿದ್ದೆ ಮೇಡಂ. ಬೆರಳೊಂದನ್ನೇ ಕೆಳಗೆ ಕಳಿಸಿದ್ನಾ? ಮಷಿನ್ ಸುಳ್ಳು ಹೇಳಲ್ಲ ಅಂತಾರೆ ಎಲ್ರೂ. ನೀವೇನಂತೀರಿ?”

ನೋಡ್ತೀನಿ ಅಂದೆ. ನನಗೇ ಬೇಡವಾದ ಉತ್ತರ.

ಔಷಧ ಕೊಠಡಿಯ ಫಾರ್ಮಸಿಸ್ಟ್ ರೀಡರಿನ ವೈರು ಕಿತ್ತು, ಲೇಬಲ್ ಪ್ರಿಂಟರ್ ಚುಚ್ಚಿದ. “ಇದೊಂದೇ ಪೋರ್ಟ್ ನೆಟ್ಟಗಿರೋದು ಮೇಡಂ. ದಿನಾ ಇದೇ ಕಿತ್ತಾಟ.” ನಕ್ಕೆ. ಮನೆಯ ಮೇಜಿನ ಮೇಲಿನ ರೀಡರನ್ನು ಎರಡು ವರ್ಷದಲ್ಲಿ ಒಮ್ಮೆಯೂ ಕಿತ್ತಿಲ್ಲ.

ಮಾರ್ಚ್ 5. ಬೆಳಿಗ್ಗೆ 9.05

ಆ ಕಿತ್ತಾಟ ತಲೆಯಿಂದ ಹೋಗಲಿಲ್ಲ. ನನ್ನ ಬೆರಳಿಟ್ಟೆ. ರೀಡರ್ ಕಿತ್ತೆ, ಮತ್ತೆ ಚುಚ್ಚಿದೆ. ಅಮ್ಮನನ್ನು ಕರೆದೆ. ಪಾಸ್!

“ನೋಡಿದ್ಯಾ, ಬುದ್ಧಿ ಬಂತು ಅದಕ್ಕೆ!”

ಪರದೆಯ ಮೇಲೆ ನನ್ನ ಹೆಸರು. ಕಿತ್ತು ಚುಚ್ಚಿದ ಮೇಲೆ ಮೊದಲು ಯಾರು ಮುಟ್ಟಿದರೂ ನನ್ನ ಲೈಬ್ರರಿ ಹಿಂದಿನವರ ಬೆರಳಿನ ಚಿತ್ರವನ್ನೇ ಕೊಡುತ್ತಿದೆ.

ಒಂದೇ ಬೆರಳನ್ನು ಎರಡು ಸಲ ಇಟ್ಟರೂ ಹೋಲಿಕೆಯ ಅಂಕ ತುಸುವಾದರೂ ಬದಲಾಗುತ್ತದೆ. ಆಸ್ಪತ್ರೆಯ ದಾಖಲೆ ತೆಗೆದೆ. ಸಿಸ್ಟರ್, 9.10: 71.386. ಸಿಸ್ಟರ್, 11.40: 71.386. ಎರಡೂ ಒಂದೇ ಚಿತ್ರ; 11.40ಕ್ಕೆ ಮುಟ್ಟಿದ್ದು ಬೇರೆ ಯಾರೋ.

ಹಳೆಯ ಚಿತ್ರ ಅಳಿಸುವ ಸಾಲು ಕೋಡಿನಲ್ಲಿದೆ. ವೇಗ ಹೆಚ್ಚಲೆಂದು ಎರಡು ವರ್ಷದ ಹಿಂದೆ ನಾನೇ ಅದನ್ನು ತಡೆದಿದ್ದೆ. ಪಕ್ಕದಲ್ಲಿ ನನ್ನದೇ ಟಿಪ್ಪಣಿ: ‘ಆಮೇಲೆ ನೋಡಬೇಕು.’ ಎಲ್ಲದಕ್ಕೂ ‘ಆಮೇಲೆ’ ಎನ್ನುವ ಬಾಸ್‌ಗೆ ‘ಆಮೇಲೆ ಸಾರ್’ ಎಂದು ಹೆಸರಿಟ್ಟವಳೂ ನಾನೇ.

ಮಧ್ಯಾಹ್ನ 3.30

ಆಮೇಲೆ ಸಾರ್ ಬಾಗಿಲು ಹಾಕಿಕೊಂಡು ಕೇಳಿಸಿಕೊಂಡರು.

“ಮುಂದಿನ ವರ್ಷನ್‌ನಲ್ಲಿ ಸದ್ದಿಲ್ಲದೆ ಸರಿಮಾಡಿಬಿಡಿ. ವಿಚಾರಣೆ ಮುಗೀಲಿ, ಆಮೇಲೆ ಹೇಳೋಣ. ಇಲ್ಲಾಂದ್ರೆ ಉಳಿದ ಆಸ್ಪತ್ರೆಯವರೆಲ್ಲ ಬಂದು ಕುತ್ತಿಗೆ ಹಿಡೀತಾರೆ.”

“ಆಮೇಲೆ ಅಂದ್ರೆ... ಸಿಸ್ಟರ್ ಕೆಲಸ ಹೋದ ಮೇಲಾ ಸಾರ್?”

“ನಿಮ್ಮದೂ ಹೋಗಬಹುದು. ಯೋಚನೆ ಮಾಡಿ.”

ಮಾರ್ಚ್ 7, ಶುಕ್ರವಾರ. 10.50. ಆಸ್ಪತ್ರೆಯ ಕಾರಿಡಾರ್

ನಿನ್ನೆ ಏನೂ ಬರೆಯಲಾಗಲಿಲ್ಲ. ದೋಷ ಇನ್ನೊಬ್ಬರ ಕೋಡಿನದಾಗಿದ್ದರೆ ಇಷ್ಟು ಹೊತ್ತು ಯೋಚಿಸುತ್ತಿದ್ದೆನೆ?

ಹೊರಡುವಾಗ ಅಮ್ಮ ಅಂದಳು: “ಆ ಡಬ್ಬಕ್ಕೆ ನಾನ್ಯಾರು ಅಂತ ಗೊತ್ತಾಗದಿದ್ರೂ ಪರವಾಗಿಲ್ಲ ಕಣೇ. ಇನ್ಯಾರೋ ಅನ್ನದಿದ್ರೆ ಸಾಕು.”

ಎದುರು ಬೆಂಚಿನಲ್ಲಿ ಸಿಸ್ಟರ್. ಇಸ್ತ್ರಿ ಮಾಡಿದ ಯೂನಿಫಾರ್ಮ್. ಹಾಕಿಕೊಳ್ಳುವ ಹಾಗಿಲ್ಲ, ಆದರೂ ಹಾಕಿಕೊಂಡಿದ್ದಾರೆ.

ಚೀಲದಲ್ಲಿ ಸಹಿಯಿಲ್ಲದ ಪತ್ರ, ದಾಖಲೆಯ ಪ್ರಿಂಟ್‌ಔಟ್, ಲ್ಯಾಪ್‌ಟಾಪ್, ರೀಡರ್. ಒಳಗೆ ತೋರಿಸುವುದಿಷ್ಟೇ: ಮೊದಲು ನನ್ನ ಬೆರಳು. ಕಿತ್ತು, ಚುಚ್ಚಿ, ವಿಚಾರಣಾಧಿಕಾರಿಯ ಬೆರಳು. ಪರದೆಯ ಮೇಲೆ ನನ್ನ ಹೆಸರೇ ಬರುತ್ತದೆ. ಬರಲಿ.

ಬಾಗಿಲು ತೆರೆಯಿತು. “ಆ ಲೈಬ್ರರಿ ಬರ್ದೋರು ಯಾರ್ರೀ ಇಲ್ಲಿ?”

ಸಿಸ್ಟರ್ ನನ್ನ ಕಡೆ ನೋಡುತ್ತಿದ್ದಾರೆ. “ನಾನೇ” ಅಂದೆ. ಏಳಬೇಕು.